ಪಿಯಾನೋ ವಾದಕರಾಗಬೇಕಿದ್ದ ಮಹಾರಾಜರು

ಭದ್ರಾವತಿಯ ಜನರಿಗೆ ಬೀಡುಕಬ್ಬಿಣದ ಗುಣವನ್ನು ಯಾರೂ ಹೇಳಿಕೊಡಬೇಕಾಗಿಲ್ಲ. ಶಿವಮೊಗ್ಗಕ್ಕೆ ಸುಮಾರು 20 ಕಿಲೋಮೀಟರು ದೂರದ ಈ ಊರಿನಲ್ಲಿ, ಭದ್ರಾ ನದಿಯ ದಂಡೆಯ ಮೇಲೆ, 1923ರಲ್ಲಿ ಮೈಸೂರು ಸಂಸ್ಥಾನದ ಕಬ್ಬಿಣದ ಕಾರ್ಖಾನೆ ಕೆಲಸವಾರಂಭಿಸಿದಂದಿನಿಂದ ಹಲವು ತಲೆಮಾರುಗಳು ಆ ಲೋಹದೊಡನೆಯೇ ಬಾಳಿದವು. ಕೆಮ್ಮಣ್ಣುಗುಂಡಿಯ ಬೆಟ್ಟದ ಅದಿರೂ ಮಲೆನಾಡಿನ ಕಾಡಿನ ಮರವನ್ನು ಸುಟ್ಟು ಮಾಡಿದ ಇದ್ದಿಲೂ ಕುಲುಮೆಯಲ್ಲಿ ಕೂಡಿ, ಬೆಂಕಿಯ ಹೊಳೆಯಾಗಿ ಹರಿದು, ಆರಿ ಬೀಡಾಗುತ್ತಿದ್ದವು. ಬೀಡು ಬಗ್ಗುವ ಜಾತಿಯದಲ್ಲ. ಎಷ್ಟು ಹೊರೆ ಹೇರಿದರೂ ಹೊರುತ್ತದೆ. ಬಲವಾದ ಪೆಟ್ಟು ಬಿದ್ದರೆ ಮಾತ್ರ ಬಿರಿಯುತ್ತದೆ.

ಸಂಗೀತದ ಲೇಖನಕ್ಕೆ ಕಬ್ಬಿಣದ ಪೀಠಿಕೆಯೇಕೆಂದು ವಾಚಕರು ಹುಬ್ಬೇರಿಸಬಹುದು. ಪಿಯಾನೋ ಎಂಬ ವಾದ್ಯದ ಒಡಲಿನಲ್ಲಿರುವುದು ಇದೇ ಬೀಡು. ಮೇಲೆ ಕನ್ನಡಿಯಂತೆ ಹೊಳೆಯುವ ಕರಿಯ ಮರವನ್ನು ಕಂಡವರಿಗೆ ಒಳಗಿನ ಈ ಎರಕದ ಚೌಕಟ್ಟು ಕಾಣುವುದಿಲ್ಲ. ಇಟಲಿಯ ಫ್ಲಾರೆನ್ಸ್ ನಗರದಲ್ಲಿ ಕ್ರಿಸ್ಟೊಫೊರಿ ಎಂಬ ಕುಶಲಿ 1700ರ ಸುಮಾರಿಗೆ ಈ ವಾದ್ಯವನ್ನು ಮೊದಲು ರಚಿಸಿದಾಗ ಚೌಕಟ್ಟು ಮರದ್ದೇ ಆಗಿತ್ತು, ನಾದವೂ ಮೆಲುವಾಗಿತ್ತು. ಸಭೆಗಳು ದೊಡ್ಡವಾದಂತೆ ತಂತಿಗಳನ್ನು ಇನ್ನೂ ದಪ್ಪವಾಗಿ, ಇನ್ನೂ ಬಿಗಿಯಾಗಿ ಕಟ್ಟಬೇಕಾಯಿತು, ಮರ ತಾಳದಾಯಿತು. 1825ರಲ್ಲಿ ಅಮೆರಿಕದ ಬಾಸ್ಟನ್‌ನಲ್ಲಿ ಬ್ಯಾಬ್‌ಕಾಕ್ ಎಂಬಾತ ಇಡೀ ಚೌಕಟ್ಟನ್ನು ಬೀಡಿನಲ್ಲಿ ಎರಕಹೊಯ್ಯುವ ಉಪಾಯಕ್ಕೆ ಹಕ್ಕುಪತ್ರ ಪಡೆದ. ಇಂದಿನ ಕಛೇರಿ ಪಿಯಾನೋ ಒಂಬತ್ತು ಅಡಿ ಉದ್ದ; ಅದರಲ್ಲಿ 200ಕ್ಕೂ ಹೆಚ್ಚು ಉಕ್ಕಿನ ತಂತಿಗಳು; ಅವೆಲ್ಲವೂ ಸೇರಿ ಎಳೆಯುವ ಎಳೆತ ಸುಮಾರು 20 ಟನ್ನು. ಅಷ್ಟನ್ನೂ ಆ ಬೀಡು ಮೌನವಾಗಿ ಹೊತ್ತು ನಿಂತಾಗಲೇ ಮೇಲೆ ಕುಳಿತವರ ಬೆರಳಿಗೆ ನಾದ ಹೊಮ್ಮುತ್ತದೆ.

ಭದ್ರಾವತಿಯಲ್ಲಿ ಎರಕವಾದದ್ದು ನೀರಿನ ಕೊಳವೆಗಳೇ ಹೊರತು ಪಿಯಾನೋ ಅಲ್ಲ, ನಿಜ. ಆದರೆ ಆ ಕುಲುಮೆ ಯಾವ ಸಂಸ್ಥಾನದ ಸ್ವತ್ತಾಗಿತ್ತೋ ಆ ಸಂಸ್ಥಾನದ ಕಡೆಯ ಮಹಾರಾಜರಿಗೆ ಬಾಲ್ಯದಿಂದ ಇದ್ದ ಆಸೆ ಒಂದೇ: ಯೂರೋಪಿನ ಸಭಾಂಗಣಗಳಲ್ಲಿ ಕುಳಿತು ಪಿಯಾನೋ ನುಡಿಸುವ ಕಲಾವಿದರಾಗಬೇಕೆಂಬುದು. ಶ್ರೀ ಜಯಚಾಮರಾಜ ಒಡೆಯರವರನ್ನು ಕನ್ನಡಿಗರು ಕೀರ್ತನಕಾರರೆಂದು ಬಲ್ಲರು, ರಾಜ್ಯಪಾಲರೆಂದು ಬಲ್ಲರು, ದಸರೆಯ ಅಂಬಾರಿಯ ಮೇಲೆ ಕುಳಿತ ಅರಸರೆಂದು ಬಲ್ಲರು. ಆ ಪಿಯಾನೋ ಮಾತ್ರ ಅಷ್ಟಾಗಿ ಯಾರ ಕಣ್ಣಿಗೂ ಬಿದ್ದಿಲ್ಲ.

ಅರಮನೆಯ ಎರಡು ಸಂಗೀತಗಳು

ಮೈಸೂರಿನ ಅರಮನೆಗೆ ಪಾಶ್ಚಾತ್ಯ ಸಂಗೀತ ಹೊಸದಾಗಿರಲಿಲ್ಲ. ವೈಣಿಕ ಚಕ್ರವರ್ತಿ ಶೇಷಣ್ಣನವರೇ ಬಿಡುವಿನಲ್ಲಿ ಪಿಯಾನೋದ ಮುಂದೆ ಕೂರಬಲ್ಲವರಾಗಿದ್ದರು. ನಾಲ್ವಡಿ ಕೃಷ್ಣರಾಜ ಒಡೆಯರವರು ವೀಣೆ, ಕೊಳಲು, ಮೃದಂಗ, ನಾಗಸ್ವರಗಳ ಜೊತೆಗೆ ಪಿಟೀಲು, ಸ್ಯಾಕ್ಸೊಫೋನ್, ಪಿಯಾನೋಗಳನ್ನೂ ಅಭ್ಯಾಸಮಾಡಿದ್ದರು. ಅರಮನೆಯಲ್ಲಿ ಕರ್ನಾಟಕ ವಾದ್ಯಗೋಷ್ಠಿಯೊಂದು, ಪಾಶ್ಚಾತ್ಯ ವಾದ್ಯವೃಂದವೊಂದು ಅಕ್ಕಪಕ್ಕದಲ್ಲೇ ಬಾಳಿದವು; ಎರಡನೆಯದನ್ನು ಕೆಲಕಾಲ ನಡೆಸಿದವರು ಆಟೋ ಸ್ಮಿತ್ ಎಂಬ ಜರ್ಮನರು.

ಇಂಥ ಮನೆಯಲ್ಲಿ 1919ರ ಜುಲೈ 18ರಂದು ಯುವರಾಜ ಕಂಠೀರವ ನರಸಿಂಹರಾಜ ಒಡೆಯರವರ ಒಬ್ಬನೇ ಮಗನಾಗಿ ಜಯಚಾಮರಾಜರು ಹುಟ್ಟಿದರು. ದೊಡ್ಡಪ್ಪನವರಾದ ನಾಲ್ವಡಿಯವರಿಗೆ ಮಕ್ಕಳಿರಲಿಲ್ಲ. ಆದುದರಿಂದ ಹುಡುಗ ಎಂದಾದರೊಂದು ದಿನ ಪಟ್ಟವೇರಬೇಕಾದವನೆಂಬುದು ಎಲ್ಲರಿಗೂ ತಿಳಿದಿತ್ತು. ಆದರೆ ಆ ದಿನ ಬಹಳ ದೂರವಿದೆಯೆಂದೂ ಎಲ್ಲರೂ ಎಣಿಸಿದ್ದರು. ದೊಡ್ಡಪ್ಪನ ಬಳಿಕ ತಂದೆ, ತಂದೆಯ ಬಳಿಕ ಮಗ. ಅಷ್ಟರಲ್ಲಿ ಒಬ್ಬ ತರುಣನಿಗೆ ಪಿಯಾನೋದೊಡನೆ ಕಳೆಯಲು ಇಪ್ಪತ್ತು ವರ್ಷಗಳಾದರೂ ಸಿಕ್ಕಬೇಕು!

ಈ ವಾದ್ಯವನ್ನು ಹತ್ತಿರದಿಂದ ಕಾಣದ ವಾಚಕರಿಗೆ ಒಂದು ಮಾತು. ಶಿವಮೊಗ್ಗಕ್ಕೆ ಕಂಪನಿ ನಾಟಕಗಳು ಬರುತ್ತಿದ್ದ ಕಾಲದಲ್ಲಿ ರಂಗದ ಮುಂದೆ ಕಾಲು ಹಾರ್ಮೋನಿಯಂ ಇರುತ್ತಿತ್ತಲ್ಲ, ಅದರ ಬಿಳಿ ಮನೆ ಕರಿ ಮನೆಗಳನ್ನು ನೆನೆಸಿಕೊಳ್ಳಬಹುದು. ಪಿಯಾನೋದಲ್ಲಿ ಅಂಥ 88 ಮನೆಗಳು. ಹೋಲಿಕೆ ಅಲ್ಲಿಗೆ ಮುಗಿಯಿತು. ಹಾರ್ಮೋನಿಯಂ ಗಾಳಿಯಿಂದ ನುಡಿಯುತ್ತದೆ. ಒತ್ತಿ ಹಿಡಿದಷ್ಟು ಹೊತ್ತೂ ಸ್ವರ ನಿಲ್ಲುತ್ತದೆ. ಪಿಯಾನೋದಲ್ಲಿ ಒಂದೊಂದು ಮನೆಯ ಹಿಂದೆಯೂ ಉಣ್ಣೆ ಹೊದಿಸಿದ ಪುಟ್ಟ ಸುತ್ತಿಗೆಯಿದೆ. ಬೆರಳು ಒತ್ತಿದೊಡನೆ ಅದು ತಂತಿಯನ್ನು ಬಡಿದು ಹಿಂದಕ್ಕೆ ಬೀಳುತ್ತದೆ. ಹುಟ್ಟಿದ ಗಳಿಗೆಯಿಂದಲೇ ಸ್ವರ ಕರಗತೊಡಗುತ್ತದೆ. ಹೀಗೆ ಕರಗುವ ಸ್ವರಗಳಿಂದ ಹಾಡಿನ ಭ್ರಮೆಯನ್ನು ಹುಟ್ಟಿಸುವುದೇ ಆ ವಾದಕನ ವಿದ್ಯೆ. ಒಂದು ಸ್ವರದಿಂದ ಇನ್ನೊಂದಕ್ಕೆ ಜಾರುವಂತಿಲ್ಲ, ಗಮಕವೆಂಬುದಂತೂ ಅಸಾಧ್ಯ. ಅದಕ್ಕೆ ಪ್ರತಿಯಾಗಿ ಹತ್ತು ಬೆರಳುಗಳಿಂದ ಹತ್ತು ಸ್ವರಗಳನ್ನು ಒಟ್ಟಿಗೆ ಎಬ್ಬಿಸಬಹುದು. ಮೂರು ನಾಲ್ಕು ಧಾರೆಗಳನ್ನು ಒಂದರ ಮೇಲೊಂದು ಹರಿಯಬಿಡಬಹುದು. ನಮ್ಮ ಸಂಗೀತ ಒಂದು ಎಳೆಯನ್ನು ಹಿಡಿದು ನೂಲುತ್ತ ಹೋಗುತ್ತದೆ. ಅವರದು ಮಗ್ಗದ ಮೇಲೆ ನೇಯುತ್ತದೆ.

ಕಛೇರಿಯ ಪಿಯಾನೋ ವಾದಕನ ಜೀವನ ಕೇಳಲು ಸೊಗಸು, ಬಾಳಲು ಕಠಿಣ. ಬಾಲ್ಯದಲ್ಲೇ ಆರಂಭಿಸಿ ದಿನಕ್ಕೆ ಐದಾರು ಗಂಟೆಗಳ ಸಾಧನೆ. ಗಂಟೆಗಟ್ಟಲೆ ನಡೆಯುವ ಕೃತಿಗಳನ್ನು ಪುಸ್ತಕವಿಲ್ಲದೆ ನುಡಿಸುವಷ್ಟು ನೆನಪು. ಇಂದು ಒಂದು ನಗರ, ನಾಳೆ ಇನ್ನೊಂದು. ಪಿಟೀಲಿನವರು ತಮ್ಮ ವಾದ್ಯವನ್ನು ಕಂಕುಳಲ್ಲಿಟ್ಟು ಹೊರಡುತ್ತಾರೆ. ಪಿಯಾನೋದವರಿಗೆ ಆ ಭಾಗ್ಯವೂ ಇಲ್ಲ, ಆಯಾ ಸಭೆಯಲ್ಲಿರುವ ಅಪರಿಚಿತ ವಾದ್ಯವನ್ನೇ ಆ ಸಂಜೆ ಒಲಿಸಿಕೊಳ್ಳಬೇಕು. ನಾಲ್ಕು ದಿನ ಸಾಧನೆ ಬಿಟ್ಟರೆ ಬೆರಳು ದೂರು ಹೇಳುತ್ತದೆ. ಅರಸೊತ್ತಿಗೆಗೂ ಈ ಕಸುಬಿಗೂ ಹೇಗೆ ಹೊಂದಬೇಕು?

ಜಯಚಾಮರಾಜರು 1938ರಲ್ಲಿ ಮೈಸೂರಿನ ಮಹಾರಾಜ ಕಾಲೇಜಿನಿಂದ ಪದಕಗಳೊಡನೆ ಪದವೀಧರರಾದರು. ಮರುವರ್ಷ ತಂದೆಯವರೊಡನೆ ಯೂರೋಪಿನ ಪ್ರವಾಸ. ಗ್ರಾಮಫೋನಿನ ತಟ್ಟೆಗಳಲ್ಲಿ ಮಾತ್ರ ಕೇಳಿದ್ದ ಸಂಗೀತವನ್ನು ಲಂಡನ್ನಿನಂಥ ನಗರಗಳಲ್ಲಿ ಎದುರಿಗೆ ಕುಳಿತು ಕೇಳಿದರು. ಕಲಾವಿದರ ಪರಿಚಯವೂ ಆಯಿತು. ಅದು 1939ನೆಯ ಇಸವಿ. ಆ ಸೆಪ್ಟೆಂಬರಿನಲ್ಲಿ ಯುದ್ಧ ಆರಂಭವಾಯಿತು.

1940ರ ಮಾರ್ಚ್ 11ರಂದು ತಂದೆ ತೀರಿಕೊಂಡರು. ಆಗಸ್ಟ್ 3ರಂದು ದೊಡ್ಡಪ್ಪ ತೀರಿಕೊಂಡರು. ದೂರದಲ್ಲಿದೆಯೆಂದುಕೊಂಡಿದ್ದ ದಿನ ಐದು ತಿಂಗಳೊಳಗೆ ಬಾಗಿಲಿಗೆ ಬಂದು ನಿಂತಿತ್ತು. ಸೆಪ್ಟೆಂಬರ್ 8ರಂದು, ತಮ್ಮ ಇಪ್ಪತ್ತೊಂದನೆಯ ವಯಸ್ಸಿನಲ್ಲಿ, ಜಯಚಾಮರಾಜರು ಸಿಂಹಾಸನವೇರಿದರು. ಪಿಯಾನೋ ವಾದಕರ ಕಥೆ ಅಲ್ಲಿಗೆ ನಿಂತಿತು.

ನಿಲ್ಲಬೇಕಾಗಿತ್ತು ಎಂದರೆ ಹೆಚ್ಚು ಸರಿ. ಏಕೆಂದರೆ ರಾಜ್ಯಭಾರದ ಐದನೆಯ ವರ್ಷ, 1945ರಲ್ಲಿ, ಲಂಡನ್ನಿನ ಗಿಲ್ಡ್‌ಹಾಲ್ ಸಂಗೀತ ಶಾಲೆಯ ಲೈಸೆನ್ಷಿಯೇಟ್ ಪದವಿ ಮೈಸೂರಿನ ಮಹಾರಾಜರಿಗೆ ದೊರೆಯಿತು; ಅದೇ ವರ್ಷ ಟ್ರಿನಿಟಿ ಸಂಗೀತ ಕಾಲೇಜು ತನ್ನ ಗೌರವ ಫೆಲೋ ಆಗಿ ಅವರನ್ನು ಆರಿಸಿತು. ದರ್ಬಾರು, ದಿವಾನರ ಕಾಗದಪತ್ರಗಳು, ಯುದ್ಧಕಾಲದ ಅಭಾವ—ಇಷ್ಟರ ನಡುವೆಯೂ ಪಿಯಾನೋದ ಮುಚ್ಚಳ ತೆರೆದೇ ಇತ್ತೆಂಬುದಕ್ಕೆ ಬೇರೆ ಸಾಕ್ಷಿ ಬೇಡ.

1943

ಇಲ್ಲಿ ಶಿವಮೊಗ್ಗದ ವಾಚಕರು ಒಂದು ಪ್ರಶ್ನೆಯನ್ನೆತ್ತದೆ ಇರಲಾರರು. ಅದನ್ನು ಹಾರಿಸಿಹೋಗುವುದು ನ್ಯಾಯವೂ ಅಲ್ಲ.

1942ರ ಸೆಪ್ಟೆಂಬರಿನಲ್ಲಿ ಶಿಕಾರಿಪುರ ತಾಲ್ಲೂಕಿನ ಈಸೂರು ತಾನು ಸ್ವತಂತ್ರವೆಂದು ಸಾರಿಕೊಂಡಿತು. ಊರಿನವರಿಗೂ ಸರ್ಕಾರದ ನೌಕರರಿಗೂ ಆದ ಘರ್ಷಣೆಯಲ್ಲಿ ಅಮಲ್ದಾರರೂ ಸಬ್ ಇನ್ಸ್‌ಪೆಕ್ಟರರೂ ಪ್ರಾಣ ಕಳೆದುಕೊಂಡರು. ಮೊಕದ್ದಮೆ ನಡೆದು, 1943ರ ಮಾರ್ಚಿಯಲ್ಲಿ ಆ ಊರಿನ ಐವರನ್ನು ಗಲ್ಲಿಗೇರಿಸಲಾಯಿತು. ಗಲ್ಲಿಗೇರಿಸಿದ್ದು ಬ್ರಿಟಿಷರ ಸರ್ಕಾರವಲ್ಲ, ಮೈಸೂರು ಸಂಸ್ಥಾನದ ಸರ್ಕಾರ. ಯಾರ ಹೆಸರಿನಲ್ಲಿ ಆ ಸರ್ಕಾರ ನಡೆಯುತ್ತಿತ್ತೋ ಆ ಮಹಾರಾಜರಿಗೆ ಆಗ ಇಪ್ಪತ್ತಮೂರು ವರ್ಷ ವಯಸ್ಸು.

ಸೌಮ್ಯರೆಂದೂ ವಿದ್ವತ್ಪ್ರಿಯರೆಂದೂ ಹೆಸರಾದ ಅರಸರ ಜೀವನದಲ್ಲಿ ಈ ಪುಟವೂ ಇದೆ. ಪಿಯಾನೋ ವಾದಕನಾಗಿದ್ದರೆ ಒಬ್ಬ ತರುಣ ಹೊರಬೇಕಾಗಿದ್ದ ಹೊಣೆ ತಪ್ಪಿದ ಸ್ವರಗಳದು ಮಾತ್ರ. ಸಿಂಹಾಸನದ ಮೇಲೆ ಕುಳಿತವರ ಲೆಕ್ಕ ಬೇರೆ. ಅವರ ಹೆಸರಿನಲ್ಲಿ ಆದುದೆಲ್ಲವೂ ಅವರ ಖಾತೆಗೇ ಸೇರುತ್ತದೆ. ಈಸೂರಿನ ಮನೆಗಳಲ್ಲಿ ಆ ಲೆಕ್ಕವನ್ನು ಯಾರೂ ಮರೆತಿಲ್ಲ.

ಅದೇ 1943ರಲ್ಲಿ, ಸಾವಿರಾರು ಮೈಲಿ ದೂರದ ಇಂಗ್ಲೆಂಡಿನಲ್ಲಿ, ಬಾಂಬಿನ ದಾಳಿಗೆ ಹೆದರಿ ಲಂಡನ್ ಬಿಟ್ಟು ವಾರಿಕ್‌ಷೈರಿನ ಹಳ್ಳಿಗಾಡಿನಲ್ಲಿ ಶಿಷ್ಯೆಯೊಬ್ಬರ ಆಶ್ರಯದಲ್ಲಿದ್ದ ರಷ್ಯದ ಮುದುಕರೊಬ್ಬರು ತಮ್ಮ ಮೂರನೆಯ ಪಿಯಾನೋ ಕನ್ಸರ್ಟೊವನ್ನು ಬರೆದು ಮುಗಿಸಿದರು. ಒಬ್ಬ ವಾದಕನೂ ಇಡೀ ವಾದ್ಯವೃಂದವೂ ಎದುರುಬದುರಾಗಿ ನುಡಿಸುವ ದೀರ್ಘ ಕೃತಿಗೆ ಕನ್ಸರ್ಟೊ ಎಂದು ಹೆಸರು. ಬರೆದವರ ಹೆಸರು ನಿಕೊಲಾಯ್ ಮೆಟ್ನರ್. ಆ ಹೆಸರಿಗೂ ಮೈಸೂರಿಗೂ ಆಗ ಯಾವ ಸಂಬಂಧವೂ ಇರಲಿಲ್ಲ.

ಮರೆತುಹೋದ ರಷ್ಯನ್ನರು

ಮೆಟ್ನರ್ ಮಾಸ್ಕೋದಲ್ಲಿ 1880ರ ಜನವರಿಯಲ್ಲಿ ಹುಟ್ಟಿದವರು. ಅಲ್ಲಿನ ಸಂಗೀತ ವಿದ್ಯಾಲಯದಿಂದ 1900ರಲ್ಲಿ ಹೊರಬಂದಾಗ ಅವರಿಗೆ ಪಿಯಾನೋ ವಾದಕನ ದೊಡ್ಡ ಭವಿಷ್ಯವಿದೆಯೆಂದು ಎಲ್ಲರೂ ನಂಬಿದ್ದರು. ಅವರು ಮಾತ್ರ ವಾದನವನ್ನು ಹಿಂದಕ್ಕಿಟ್ಟು ರಚನೆಯನ್ನು ಮುಂದಕ್ಕಿಟ್ಟರು. ಪಿಯಾನೋ ಇಲ್ಲದ ಒಂದು ಕೃತಿಯನ್ನೂ ಅವರು ಬರೆಯಲಿಲ್ಲವೆಂದರೂ ಸಲ್ಲುತ್ತದೆ. ಆ ಕಾಲದ ಮಹಾನ್ ಪಿಯಾನೋ ವಾದಕರಾದ ರಾಖ್ಮಾನಿನೊವ್ ಅವರ ಗೆಳೆಯರು. ಒಬ್ಬರು ತಮ್ಮ ನಾಲ್ಕನೆಯ ಕನ್ಸರ್ಟೊವನ್ನು ಇನ್ನೊಬ್ಬರಿಗೆ ಅರ್ಪಿಸಿದರೆ, ಇನ್ನೊಬ್ಬರು ತಮ್ಮ ಎರಡನೆಯದನ್ನು ಇವರಿಗೆ ಅರ್ಪಿಸಿ ಋಣ ತೀರಿಸಿದರು.

ಕ್ರಾಂತಿಯ ಬಳಿಕ 1921ರಲ್ಲಿ ಮೆಟ್ನರ್ ರಷ್ಯವನ್ನು ಬಿಟ್ಟರು. ಜರ್ಮನಿ, ಫ್ರಾನ್ಸ್, ಕಡೆಗೆ ಮೂವತ್ತರ ದಶಕದ ನಡುವಿನಲ್ಲಿ ಲಂಡನ್. ರಾಖ್ಮಾನಿನೊವ್ ಅಮೆರಿಕದಲ್ಲಿ ಹೋದಲ್ಲೆಲ್ಲ ಸಭೆ ತುಂಬಿಸುತ್ತಿದ್ದರು. ಮೆಟ್ನರ್‌ಗೆ ಆ ಚಾತುರ್ಯ ಒಲಿಯಲಿಲ್ಲ. ಹೊಸ ಕಾಲದ ಹೊಸ ಸಂಗೀತವನ್ನು ಅವರು ಒಪ್ಪಲಿಲ್ಲ, ಹೊಸ ಕಾಲ ಅವರನ್ನು ಒಪ್ಪಲಿಲ್ಲ. ಜರ್ಮನಿಯ ಪ್ರಕಾಶಕರಿಂದ ಬರುತ್ತಿದ್ದ ಅಲ್ಪಸ್ವಲ್ಪ ಹಣವೂ ಯುದ್ಧದಿಂದ ನಿಂತಿತು. ಪಿಯಾನೋ ಪಾಠ ಹೇಳಿ ಜೀವನ. ಅದರ ಮೇಲೆ ಹೃದ್ರೋಗ. 1944ರ ಫೆಬ್ರವರಿಯಲ್ಲಿ ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲಿನಲ್ಲಿ ಮೂರನೆಯ ಕನ್ಸರ್ಟೊವನ್ನು ತಾವೇ ನುಡಿಸಿದರು. ಅಷ್ಟರ ಮೇಲೆ ಆ ವಯಸ್ಸಿನಲ್ಲಿ ನಿರೀಕ್ಷಿಸಲು ಹೆಚ್ಚೇನೂ ಉಳಿದಿರಲಿಲ್ಲ.

1946ರಲ್ಲಿ ಅವರಿಗೆ ಬಂದ ಸುದ್ದಿ ಅಡುಗೂಲಜ್ಜಿಯ ಕಥೆಗೆ ತಕ್ಕುದಾಗಿತ್ತು. ಭಾರತದ ಮಹಾರಾಜರೊಬ್ಬರು ಅವರ ಕೃತಿಗಳನ್ನು ಮೆಚ್ಚಿದ್ದಾರೆ, ಅವೆಲ್ಲವನ್ನೂ ಅವರ ಕೈಯಿಂದಲೇ ನುಡಿಸಿ ಧ್ವನಿಮುದ್ರಿಸಬೇಕೆಂಬುದು ಮಹಾರಾಜರ ಇಚ್ಛೆ, ವೆಚ್ಚ ಮೈಸೂರಿನದು. ಕಾಣದ, ಕೇಳದ ದೇಶದ, ತಮ್ಮ ಮೊಮ್ಮಗನ ವಯಸ್ಸಿನ ಅರಸನ ಈ ಮಾತು ನಿಜವೆಂದು ನಂಬಲು ಆ ವೃದ್ಧ ದಂಪತಿಗಳಿಗೆ ಸ್ವಲ್ಪ ಹೊತ್ತಾದರೂ ಹಿಡಿದಿರಬೇಕು.

ಮಾತು ನಿಜವಾಯಿತು. ಲಂಡನ್ನಿನ ಆಬಿ ರೋಡಿನ ಸ್ಟುಡಿಯೋದಲ್ಲಿ, ಎಚ್.ಎಂ.ವಿ. ಕಂಪನಿಗಾಗಿ, ಮೆಟ್ನರ್ ತಮ್ಮ ಮೂರು ಕನ್ಸರ್ಟೊಗಳನ್ನೂ 1947ರಲ್ಲಿ ಫಿಲ್ಹಾರ್ಮೋನಿಯಾ ವಾದ್ಯವೃಂದದೊಡನೆ ನುಡಿಸಿದರು. ಅಂದಿನ ತಟ್ಟೆಯ ಒಂದು ಮಗ್ಗುಲಲ್ಲಿ ನಾಲ್ಕೈದು ನಿಮಿಷದ ಸಂಗೀತ ಮಾತ್ರ ಹಿಡಿಯುತ್ತಿತ್ತು. ಅರ್ಧ ಗಂಟೆಯನ್ನು ಮೀರುವ ಕೃತಿಗೆ ನಾಲ್ಕೈದು ತಟ್ಟೆಗಳಾದರೂ ಬೇಕು. ಕೊಳ್ಳುವವರು ವಿರಳವಾದ ಇಂಥ ಸಂಗೀತವನ್ನು ಯಾವ ಕಂಪನಿಯೂ ತನ್ನ ಹಣದಿಂದ ಹೊರತರುವಂತಿರಲಿಲ್ಲ. 'ಮೆಟ್ನರ್ ಸೊಸೈಟಿ' ಎಂಬ ಹೆಸರಿನಲ್ಲಿ ಒಂದರ ಹಿಂದೊಂದು ಮೂರು ದೊಡ್ಡ ಸಂಪುಟಗಳು ಹೊರಬಿದ್ದವು: ಕನ್ಸರ್ಟೊಗಳು, ಪಿಯಾನೋ ಕೃತಿಗಳು, ಹಾಡುಗಳು. ಮುದುಕರ ಹೃದಯ ಬಳಲಿತ್ತು, ಬೆರಳು ಬಳಲಿರಲಿಲ್ಲ. ಆ ತಟ್ಟೆಗಳನ್ನು ಕೇಳಿದವರೆಲ್ಲರೂ ಒಪ್ಪುವ ಮಾತಿದು.

ಮೆಟ್ನರ್ ಸ್ಟುಡಿಯೋದಲ್ಲಿ ಕುಳಿತಿದ್ದ ಆ 1947 ಮೈಸೂರಿಗೆ ಎಂಥ ವರ್ಷವೆಂಬುದನ್ನು ಮರೆಯುವಂತಿಲ್ಲ. ಆಗಸ್ಟ್ 9ರಂದು ಮಹಾರಾಜರು ಭಾರತದೊಡನೆ ಸೇರುವ ಪತ್ರಕ್ಕೆ ಸಹಿ ಹಾಕಿದರು. ಸೆಪ್ಟೆಂಬರಿನಲ್ಲಿ 'ಮೈಸೂರು ಚಲೋ' ಚಳುವಳಿ ಹಬ್ಬಿತು. ಅಕ್ಟೋಬರಿನಲ್ಲಿ ಕೆ. ಸಿ. ರೆಡ್ಡಿಯವರ ಜವಾಬ್ದಾರಿ ಸರ್ಕಾರ ಅಧಿಕಾರಕ್ಕೆ ಬಂದಿತು.

ಹಣದ ಮಾತು

ಲಂಡನ್ನಿನ ಫಿಲ್ಹಾರ್ಮೋನಿಯಾ ವಾದ್ಯವೃಂದವನ್ನು 1945ರಲ್ಲಿ ಕಟ್ಟಿದವರು ವಾಲ್ಟರ್ ಲೆಗ್. ಗ್ರಾಮಫೋನ್ ಲೋಕದಲ್ಲಿ ಅವರಷ್ಟು ಪ್ರಭಾವಶಾಲಿಗಳು ವಿರಳ. ಮಹಾರಾಜರ ಆಹ್ವಾನದ ಮೇಲೆ ಮೈಸೂರಿಗೆ ಬಂದ ಅವರು ಕಂಡದ್ದನ್ನು ಮುಂದೆ ಬರೆದಿಟ್ಟಿದ್ದಾರೆ: ಮೂವತ್ತು ಇನ್ನೂ ತುಂಬದ ಅರಸು; ಶಾಸ್ತ್ರೀಯ ಸಂಗೀತದ ಯಾವ ತಟ್ಟೆ ಬೇಕೆಂದರೂ ಸಿಕ್ಕುವ ಭಂಡಾರ; ಬಗೆಬಗೆಯ ಧ್ವನಿವರ್ಧಕಗಳು; ಒಂದಲ್ಲ, ಹಲವು ಕಛೇರಿ ಪಿಯಾನೋಗಳು. ಆ ತಟ್ಟೆಗಳ ಸಂಖ್ಯೆ 20,000ದಷ್ಟಿತ್ತೆಂದು ಅಂದಾಜು. ಆ ಭೇಟಿಯ ಫಲವಾಗಿ ವರ್ಷಕ್ಕೆ 10,000 ಪೌಂಡುಗಳಂತೆ ಮೂರು ವರ್ಷಗಳ ನೆರವಿಗೆ ಮಹಾರಾಜರು ಒಪ್ಪಿದರೆಂದು ಲೆಗ್ ತಿಳಿಸುತ್ತಾರೆ. ಫಿಲ್ಹಾರ್ಮೋನಿಯಾ ಕನ್ಸರ್ಟ್ ಸೊಸೈಟಿಯ ಮೊದಲ ಅಧ್ಯಕ್ಷರೂ ಅವರೇ ಆದರು.

ಅಂದಿನ ವಿನಿಮಯದಲ್ಲಿ 10,000 ಪೌಂಡೆಂದರೆ 1,33,000 ರೂಪಾಯಿಗಳಷ್ಟು. ಸಣ್ಣ ಮೊತ್ತವಲ್ಲ. ಲಂಡನ್ನಿನ ವಾದ್ಯವೃಂದಕ್ಕೆ ಮೈಸೂರಿನ ಹಣವೇಕೆ, ಅದೇ ಹಣದಲ್ಲಿ ಮಲೆನಾಡಿನಲ್ಲಿ ಎಷ್ಟು ಶಾಲೆ ಆಸ್ಪತ್ರೆಗಳಾಗುತ್ತಿದ್ದವು ಎಂದು ಕೇಳುವವರನ್ನು ಸಂಗೀತದ ಶತ್ರುಗಳೆನ್ನುವಂತಿಲ್ಲ. ಅರಸರ ಹಣ ಎಲ್ಲಿಂದ ಬಂದರೂ ಅದರ ಬೇರು ಪ್ರಜೆಗಳ ದುಡಿಮೆಯಲ್ಲೇ ಇರುತ್ತದೆ. ಆದರೆ ಅಂದಿನ ಬೇರೆ ಬೇರೆ ಅರಸರ ಹವ್ಯಾಸಗಳನ್ನು ನೆನೆದರೆ, ಕುದುರೆಗಾಗಲಿ ಮೋಟಾರಿಗಾಗಲಿ ಹೋಗಬಹುದಾಗಿದ್ದ ಹಣ ಇಲ್ಲಿ ಒಬ್ಬ ಬಡ ಸಂಗೀತಗಾರನ ಜೀವಮಾನದ ಕೃತಿಗಳನ್ನು ಅಳಿಯದಂತೆ ಉಳಿಸಿತು ಎಂಬುದೂ ಅಷ್ಟೇ ನಿಜ.

ಆ ಹಣದ ಇನ್ನೊಂದು ಫಲ ಜಗದ್ವಿಖ್ಯಾತವಾಗಿದೆ. ಜರ್ಮನಿಯ ಹಿರಿಯ ರಚನಕಾರ ರಿಚರ್ಡ್ ಸ್ಟ್ರೌಸ್ 1948ರಲ್ಲಿ, ತಮ್ಮ ಎಂಬತ್ತನಾಲ್ಕನೆಯ ವಯಸ್ಸಿನಲ್ಲಿ, ಸಂಜೆ, ನಿದ್ರೆ, ಸಾವುಗಳನ್ನು ಕುರಿತ ನಾಲ್ಕು ಹಾಡುಗಳಿಗೆ ವಾದ್ಯವೃಂದದ ಸಂಗೀತವನ್ನು ಬರೆದಿದ್ದರು. ಅವನ್ನು ಸಭೆಯಲ್ಲಿ ಕೇಳುವ ಮೊದಲೇ 1949ರ ಸೆಪ್ಟೆಂಬರಿನಲ್ಲಿ ತೀರಿಕೊಂಡರು. 1950ರ ಮೇ 22ರ ಸಂಜೆ ರಾಯಲ್ ಆಲ್ಬರ್ಟ್ ಹಾಲಿನಲ್ಲಿ ನಾರ್ವೆಯ ಮಹಾಗಾಯಕಿ ಕಿರ್ಸ್ಟನ್ ಫ್ಲಾಗ್‌ಸ್ಟಾಡ್ ಆ ಹಾಡುಗಳನ್ನು ಮೊದಲ ಬಾರಿಗೆ ಹಾಡಿದರು. ಫುರ್ಟ್‌ವೆಂಗ್ಲರ್ ನಿರ್ದೇಶನ, ಫಿಲ್ಹಾರ್ಮೋನಿಯಾದ ವಾದನ. ನಷ್ಟವಾದರೆ ತುಂಬಿಕೊಡುವೆನೆಂದು ಮುಂದಾಗಿ ಹಣ ಕಟ್ಟಿದ್ದವರು ಮೈಸೂರಿನ ಮಹಾರಾಜರು. ಅವರು ಆ ಸಭೆಯಲ್ಲಿರಲಿಲ್ಲ. ರಾಜಪ್ರಮುಖರ ಹೊಣೆ ಹೊತ್ತು ಇಲ್ಲಿಯೇ ಇದ್ದರು. ಆ ಸಂಜೆಯ ಧ್ವನಿಮುದ್ರಣದ ತಟ್ಟೆಗಳು ಹಡಗು ಹತ್ತಿ ಮೈಸೂರಿಗೆ ಬಂದವು.

ತಂಗಿಯ ಪಿಯಾನೋ, ಅಣ್ಣನ ಕೃತಿ

ಅಣ್ಣನಿಗೆ ಸಿಕ್ಕದ ದಾರಿ ತಂಗಿಗೆ ಸ್ವಲ್ಪಮಟ್ಟಿಗೆ ಸಿಕ್ಕಿತು. 1922ರಲ್ಲಿ ಹುಟ್ಟಿದ ರಾಜಕುಮಾರಿ ವಿಜಯಾದೇವಿಯವರು ವೀಣೆಯನ್ನು ವೆಂಕಟಗಿರಿಯಪ್ಪನವರಲ್ಲಿಯೂ ಪಿಯಾನೋವನ್ನು ಮೈಸೂರಿನ ಕಾನ್ವೆಂಟಿನಲ್ಲಿಯೂ ಕಲಿತರು. ಮದುವೆಯಾಗಿ, ಪತಿಯೊಡನೆ ನ್ಯೂಯಾರ್ಕಿನಲ್ಲಿದ್ದಾಗ, ಅಲ್ಲಿನ ಜೂಲಿಯಾರ್ಡ್ ಶಾಲೆಯಲ್ಲಿ ಎಡುವರ್ಡ್ ಸ್ಟೊಯರ್‌ಮನ್ ಎಂಬ ಹೆಸರಾಂತ ಗುರುಗಳ ಬಳಿ ಪಿಯಾನೋ ಅಭ್ಯಾಸವನ್ನು ಮುಂದುವರಿಸಿದರು. ಬೆಂಗಳೂರಿನಲ್ಲಿ 1974ರಲ್ಲಿ ಅವರು ಸ್ಥಾಪಿಸಿದ ಸಂಗೀತ ಹಾಗೂ ಕಲೆಗಳ ಅಂತರರಾಷ್ಟ್ರೀಯ ಸಂಸ್ಥೆ ದೇಶವಿದೇಶಗಳ ಕಲಾವಿದರಿಗೆ ವೇದಿಕೆಯಾಯಿತು. 2005ರಲ್ಲಿ ಅವರು ನಿಧನರಾದರು.

ಅಣ್ಣನವರ ಸಂಗೀತ ಬೇರೆ ದಿಕ್ಕಿಗೆ ತಿರುಗಿತು. ಪಾಶ್ಚಾತ್ಯ ಸಂಗೀತದಲ್ಲಿ ಮುಳುಗಿದ್ದವರು ನಲವತ್ತರ ದಶಕದಲ್ಲಿ ಆಸ್ಥಾನ ವಿದ್ವಾನ್ ಮೈಸೂರು ವಾಸುದೇವಾಚಾರ್ಯರ ಮಾರ್ಗದರ್ಶನದಲ್ಲಿ ಕರ್ನಾಟಕ ಸಂಗೀತಕ್ಕೆ ಒಲಿದರು. ವಾಸುದೇವಾಚಾರ್ಯರು ಹುಟ್ಟಿದ್ದು 1865ರಲ್ಲಿ. ತ್ಯಾಗರಾಜರ ಶಿಷ್ಯಪರಂಪರೆಗೆ ಸೇರಿದ ವೃದ್ಧರು. ಮಹಾರಾಜರು ಶ್ರೀವಿದ್ಯೆಯ ಉಪಾಸಕರಾದರು. 'ಶ್ರೀವಿದ್ಯಾ' ಎಂಬ ಅಂಕಿತದಲ್ಲಿ ಸಂಸ್ಕೃತದಲ್ಲಿ 94 ಕೃತಿಗಳನ್ನು ರಚಿಸಿದರು.

ಪಿಯಾನೋದಲ್ಲಿ ಪಳಗಿದ ಕಿವಿ ಗಮಕದ ಸಂಗೀತದಲ್ಲಿ ಕೃತಿ ರಚಿಸುವುದು ಸುಲಭವಾಗಿರಲಾರದು. ಒಂದೊಂದು ಸ್ವರವೂ ತನ್ನ ಮನೆಯಲ್ಲಿ ಅಲುಗದೆ ಕೂರುವ ವಾದ್ಯವದು. ಇಲ್ಲಿಯಾದರೋ ಸ್ವರ ತೂಗಬೇಕು, ಜಾರಬೇಕು, ನೆರೆಮನೆಯ ಹೊಸ್ತಿಲನ್ನು ಮುಟ್ಟಿ ಬರಬೇಕು. ಆದರೂ ಆ ಕೃತಿಗಳಲ್ಲಿ ಪಿಯಾನೋದ ನೆರಳು ಕಾಣುವುದಿಲ್ಲ. ರಾಗದ ಹೆಸರನ್ನು ಸಾಹಿತ್ಯದೊಳಗೆ ಹೆಣೆಯುವ ದೀಕ್ಷಿತರ ಪದ್ಧತಿ, ಸಂಸ್ಕೃತದ ದೀರ್ಘ ಸಮಾಸಗಳು, ಮಂತ್ರಶಾಸ್ತ್ರದ ಸೂಕ್ಷ್ಮ ಸಂಕೇತಗಳು: ಎಲ್ಲವೂ ಹಳೆಯ ಹಾದಿಯವೇ. ಪ್ರಸಿದ್ಧ ರಾಗಗಳೊಡನೆ ದುರ್ವಾಂಕಿಯಂಥ, ಕಛೇರಿಗಳಲ್ಲಿ ಅಪರೂಪವಾಗಿ ಕೇಳುವ ರಾಗಗಳನ್ನೂ ಆಯ್ದುಕೊಂಡರು. ಹೊಸ ಸ್ವರಪುಂಜಗಳನ್ನು ಹುಡುಕುವ ಈ ಚಪಲಕ್ಕೆ ಅಷ್ಟೊಂದು ಬಗೆಯ ಸಂಗೀತವನ್ನು ಕೇಳಿದ ಕಿವಿಯೂ ಕಾರಣವಿರಬಹುದೇ ಎಂದು ಯೋಚಿಸಲು ಅವಕಾಶವಿದೆ. ಗಂಭೀರನಾಟ ರಾಗದ 'ಶ್ರೀ ಜಾಲಂಧರ' ಕೃತಿಯನ್ನಂತೂ ಅರಿಯದ ಸಂಗೀತಪ್ರಿಯರಿಲ್ಲ. 1965ರಿಂದ ಭದ್ರಾವತಿಯಲ್ಲಿಯೇ ಆಕಾಶವಾಣಿ ನಿಲಯವಿದೆ. ಆ ಊರಿನಲ್ಲಿ ರೇಡಿಯೋ ತಿರುಗಿಸಿ ಕರ್ನಾಟಕ ಸಂಗೀತ ಕೇಳುವ ಅನೇಕರು ಆ ಕೃತಿಯನ್ನು ಗುರುತಿಸುತ್ತಾರೆ. ರಚಿಸಿದವರು ಪಿಯಾನೋ ಪದವೀಧರರೆಂಬುದು ಅವರಲ್ಲಿ ಎಷ್ಟು ಮಂದಿಗೆ ಗೊತ್ತು?

ಇಲ್ಲೊಂದು ವಿಶೇಷವಿದೆ. ಮೆಟ್ನರ್‌ಗೆ ನೆರವು ಹೋದದ್ದೂ, ಫಿಲ್ಹಾರ್ಮೋನಿಯಾಕ್ಕೆ ಹಣ ಹೋದದ್ದೂ, ಶ್ರೀವಿದ್ಯಾ ಕೃತಿಗಳು ಹುಟ್ಟಿದ್ದೂ ಹೆಚ್ಚುಕಡಮೆ ಅದೇ ಕಾಲ. ಒಂದನ್ನು ಬಿಟ್ಟು ಇನ್ನೊಂದನ್ನು ಹಿಡಿದರೆಂಬ ಮಾತಿಗೆ ಆಧಾರವಿಲ್ಲ. ಒಂದು ಕೋಣೆಯಲ್ಲಿ ಪಿಯಾನೋ, ಇನ್ನೊಂದು ಕೋಣೆಯಲ್ಲಿ ವೀಣೆ. ನಡುವಿನ ಬಾಗಿಲಿಗೆ ಅಗುಳಿ ಹಾಕಿರಲಿಲ್ಲ.

ಉಳಿದ ಕಥೆ ಬಹುಮಟ್ಟಿಗೆ ಎಲ್ಲರೂ ಬಲ್ಲದ್ದೇ. 1950ರಿಂದ 1956ರವರೆಗೆ ರಾಜಪ್ರಮುಖರು. 1956ರ ನವೆಂಬರ್ 1ರಂದು ಕನ್ನಡ ನಾಡು ಒಂದಾದಾಗ ಅದರ ಮೊದಲ ರಾಜ್ಯಪಾಲರು. 1964ರಿಂದ 1966ರವರೆಗೆ ಮದ್ರಾಸಿನ ರಾಜ್ಯಪಾಲರು. ವೇದಪುರಾಣಗಳನ್ನು ಕನ್ನಡಕ್ಕೆ ತರಿಸಿ ಅಚ್ಚುಹಾಕಿಸಿದ ಪುಸ್ತಕಗಳು ಈಗಲೂ ಅನೇಕ ಮನೆಗಳ ಬೀರುಗಳಲ್ಲಿವೆ. 1966ರಲ್ಲಿ ಸಂಗೀತ ನಾಟಕ ಅಕಾಡೆಮಿ ಅವರನ್ನು ತನ್ನ ಫೆಲೋ ಆಗಿ ಗೌರವಿಸಿತು. 1971ರ ಕೊನೆಗೆ ದೇಶದ ಎಲ್ಲ ಅರಸರ ರಾಜಧನವೂ ರದ್ದಾಯಿತು. 1974ರ ಸೆಪ್ಟೆಂಬರ್ 23ರಂದು, ಐವತ್ತೈದನೆಯ ವಯಸ್ಸಿನಲ್ಲಿ, ಅವರು ಬೆಂಗಳೂರಿನಲ್ಲಿ ತೀರಿಕೊಂಡರು.

ಮೆಟ್ನರ್ ಅದಕ್ಕೂ ಬಹಳ ಮೊದಲೇ, 1951ರ ನವೆಂಬರ್ 13ರಂದು, ಲಂಡನ್ನಿನಲ್ಲಿ ಕಣ್ಮುಚ್ಚಿದ್ದರು. ಅವರ ಮರಣದ ಬಳಿಕ ಕೆಲವು ದಶಕಗಳ ಕಾಲ ಆ ಸಂಗೀತವನ್ನು ನುಡಿಸುವವರು ಬೆರಳೆಣಿಕೆಯವರಿದ್ದರು. ಬಳಿಕ ಗಾಳಿ ತಿರುಗಿತು. ಮೈಸೂರಿನ ಹಣದಿಂದಾದ ಆ ತಟ್ಟೆಗಳು ಕಾಂಪ್ಯಾಕ್ಟ್ ಡಿಸ್ಕುಗಳಾಗಿ ಮರಳಿ ಬಂದವು. ತರುಣ ವಾದಕರು ಅವನ್ನು ಕೇಳಿ, ರಚನಕಾರನೇ ಹೇಗೆ ನುಡಿಸಿದ್ದನೆಂದು ಅರಿತು, ಆ ಕೃತಿಗಳನ್ನು ಮತ್ತೆ ಸಭೆಗೆ ತಂದರು. ಆ ಮೂರನೆಯ ಕನ್ಸರ್ಟೊವನ್ನು ಮೆಟ್ನರ್ ತಮ್ಮ ಕೃತಜ್ಞತೆಯ ಮಾತಿನೊಡನೆ ಅರ್ಪಿಸಿದ್ದು ಜಯಚಾಮರಾಜರಿಗೆ. ಇಂದು ಮಾಸ್ಕೋದಲ್ಲಾಗಲಿ ಲಂಡನ್ನಿನಲ್ಲಾಗಲಿ ಅದನ್ನು ಕಲಿಯಹೊರಟ ಪಿಯಾನೋ ವಿದ್ಯಾರ್ಥಿ ಸ್ವರಪುಸ್ತಕವನ್ನು ತೆರೆದರೆ, ಮೊದಲ ಸ್ವರಕ್ಕೆ ಮುಂಚೆ ಅವನ ಕಣ್ಣಿಗೆ ಬೀಳುವುದು ಮೈಸೂರಿನ ಮಹಾರಾಜರ ಹೆಸರು.